ಬಾರ್ಸಿಲೋನದ ಮಾಣಿ

ಪರಭಾಷೆಯನ್ನು ತಪ್ಪಾಗಿ ಆಡುವವನನ್ನು ಕಂಡು ನಗುವುದು ಸರಿಯೆ? ಈ ಪ್ರಶ್ನೆ ನನ್ನನ್ನು ಕಾಡತೊಡಗಿದ್ದು ಯಾವ ಗ್ರಂಥವನ್ನೂ ಓದಿ ಅಲ್ಲ, ಒಂದು ವೀಡಿಯೋ ಕ್ಯಾಸೆಟ್ಟನ್ನು ನೋಡಿ.

ಎಂಬತ್ತರ ದಶಕದ ಕೊನೆಯ ವರ್ಷಗಳು. ಗಲ್ಫಿನಿಂದ ರಜೆಯಲ್ಲಿ ಬಂದವರ ಪೆಟ್ಟಿಗೆಯಲ್ಲಿ ಅತ್ತರು, ಟೇಪ್‌ರೆಕಾರ್ಡರುಗಳ ಜೊತೆಗೆ ಕ್ಯಾಸೆಟ್ಟುಗಳೂ ಬರುತ್ತಿದ್ದ ಕಾಲ. ನೆರೆಮನೆಯ ಗೆಳೆಯನೊಬ್ಬ ದುಬಾಯಿಯಲ್ಲಿ ಇಂಗ್ಲಿಷ್ ಸಾಹೇಬನೊಬ್ಬನ ಆಫೀಸಿನಲ್ಲಿದ್ದ. ಸಾಹೇಬ ಕೊಟ್ಟ ಕ್ಯಾಸೆಟ್ಟೊಂದನ್ನು ತಂದವನು, "ಮಾಷೇ, ಚಿರಿಚ್ಚು ಚಿರಿಚ್ಚು ಚಾವುಂ" ಎಂದು ನನ್ನನ್ನು ಕರೆದ. ನಕ್ಕು ನಕ್ಕು ಸಾಯುತ್ತೇವಂತೆ. ಅವನ ಮನೆಯ ಮುಂದಿನ ಕೋಣೆಯಲ್ಲಿ ಹತ್ತು ಹನ್ನೆರಡು ಮಂದಿ ಕುಳಿತೆವು. ಅದು ಬಿ.ಬಿ.ಸಿ.ಯ 'ಫಾಲ್ಟಿ ಟವರ್ಸ್' ಎಂಬ ಹಾಸ್ಯ ಧಾರಾವಾಹಿ. ಇಂಗ್ಲೆಂಡಿನ ಕಡಲತೀರದ ಟಾರ್ಕಿ ಎಂಬ ಊರಿನಲ್ಲಿ ಒಂದು ಹೋಟೆಲು. ಅದರ ಧಣಿ ಬೇಸಿಲ್ ಫಾಲ್ಟಿ ಮೂಗಿನ ತುದಿಯಲ್ಲೇ ಕೋಪವಿರುವ ಮನುಷ್ಯ. ಅವನು ಹೆದರುವುದು ಹೆಂಡತಿ ಸಿಬಿಲಳಿಗೆ ಮಾತ್ರ. ಹೆಂಡತಿಯ ಮೇಲೆ ತೀರಿಸಲಾಗದ ಸಿಟ್ಟನ್ನೆಲ್ಲ ಅವನು ತೀರಿಸುವುದು ಸ್ಪೇನಿನ ಬಾರ್ಸಿಲೋನದಿಂದ ಬಂದ, ಇಂಗ್ಲಿಷ್ ಬಾರದ ಮಾಣಿ ಮ್ಯಾನುಯೆಲನ ಮೇಲೆ.

ಮೊದಲ ಕಂತಿನಲ್ಲೇ ಒಂದು ಪ್ರಸಂಗವಿದೆ. ತಟ್ಟೆಗಳಲ್ಲಿ ಬೆಣ್ಣೆ ಹೆಚ್ಚಾಯಿತೆಂದು ಧಣಿ ಗದರುತ್ತಾನೆ. 'ಆ ತಟ್ಟೆಗಳ ಮೇಲೆ' ಎನ್ನುವುದಕ್ಕೆ ಇಂಗ್ಲಿಷಿನಲ್ಲಿ 'ಆನ್ ದೋಸ್ ಟ್ರೇಸ್'. ಮ್ಯಾನುಯೆಲನ ಕಿವಿಗೆ ಅದು ಸ್ಪ್ಯಾನಿಷಿನ ಒಂದು, ಎರಡು, ಮೂರು, ಅಂದರೆ 'ಊನೊ ದೋಸ್ ತ್ರೇಸ್' ಎಂದು ಕೇಳುತ್ತದೆ. ಧಣಿಗೆ ಪಾಪ ಎಣಿಸಲು ಸರಿಯಾಗಿ ಬಾರದೆಂದುಕೊಂಡು ಅವನು ಬಹಳ ವಿನಯದಿಂದ ಉಚ್ಚಾರ ತಿದ್ದಿಕೊಡುತ್ತಾನೆ. ಗೆಳೆಯನಿಗೆ ಅವನ ಸಾಹೇಬನೇ ಇದನ್ನು ವಿವರಿಸಿದ್ದನಂತೆ. ಅವನು ಕ್ಯಾಸೆಟ್ಟು ನಿಲ್ಲಿಸಿ ನಮಗೆ ವಿವರಿಸಿದ. ಆಮೇಲೆ ನಾವು ನಕ್ಕದ್ದೇ ನಕ್ಕದ್ದು.

ನಮ್ಮಲ್ಲಿ ಮುಕ್ಕಾಲು ಮಂದಿಗೆ ಆ ಇಂಗ್ಲಿಷ್ ತಿಳಿಯುತ್ತಿರಲಿಲ್ಲ. ಶಾಲೆಯಲ್ಲಿ ಇಂಗ್ಲಿಷ್ ಪಾಠ ಮಾಡುತ್ತಿದ್ದ ನನಗೇ ಅರ್ಧ ಮಾತು ಕೈತಪ್ಪುತ್ತಿತ್ತು. ಹಾಗೆ ನೋಡಿದರೆ ನಾವೆಲ್ಲ ಮ್ಯಾನುಯೆಲನ ಪಂಕ್ತಿಯವರು. ಆದರೆ ನಗುವಾಗ ಧಣಿಯ ಪಂಕ್ತಿಯಲ್ಲಿ ಕುಳಿತಿದ್ದೆವು.

ಅದು ಹೊಳೆದದ್ದು ರಾತ್ರಿ ಮನೆಗೆ ನಡೆದು ಬರುವಾಗ. ಅಪ್ಪನ ನೆನಪಾಯಿತು. ಕಾಸರಗೋಡು 1956ರಲ್ಲಿ ಕೇರಳಕ್ಕೆ ಸೇರಿದ ಮೇಲಿನ ಮಾತು ಇದು. ಸರಕಾರಿ ಕಚೇರಿಗಳಿಗೆ ತೆಂಕಣದಿಂದ ಬಂದ ಗುಮಾಸ್ತರಿಗೆ ಕನ್ನಡ ತಿಳಿಯದು, ನಮ್ಮ ಹಿರಿಯರಿಗೆ ಅವರ ಮಲಯಾಳ ತಿಳಿಯದು. ಅಪ್ಪ ಯಾವುದೋ ಕಚೇರಿಗೆ ಹೋಗಿ, ಫಲಾನುಭವಿಗಳ ಪಟ್ಟಿಯಲ್ಲಿ ತನ್ನ ಹೆಸರಿದೆಯೇ ಎಂದು ಕೇಳಲು, ತನಗೆ ತಿಳಿದ ಮಲಯಾಳದಲ್ಲಿ ಪಟ್ಟಿ ಎಲ್ಲಿದೆ ಎಂದು ಕೇಳಿದರಂತೆ. ಮಲಯಾಳದಲ್ಲಿ ಪಟ್ಟಿ ಎಂದರೆ ನಾಯಿ. "ಪಟ್ಟಿ ಪುರತ್ತುಂಡ್" ಎಂದನಂತೆ ಗುಮಾಸ್ತ, ಹೊರಗೆ ಬೊಟ್ಟುಮಾಡಿ. ಕಚೇರಿಗೆ ಕಚೇರಿಯೇ ನಕ್ಕಿತು. ಅಪ್ಪ ಕೆಲಸವಾಗದೆ ಮರಳಿದರು.

ಈ ಕತೆ ನಮ್ಮ ಮನೆಯಲ್ಲಿ ಎಲ್ಲರಿಗೂ ಗೊತ್ತು, ಏಕೆಂದರೆ ಅಪ್ಪನೇ ಅದನ್ನು ನೂರು ಸಲ ಹೇಳಿದ್ದಾರೆ. ನೆಂಟರು ಬಂದಾಗ, ಊಟದ ಮೇಲೆ ವೀಳ್ಯ ಹಾಕಿಕೊಂಡು, ಗುಮಾಸ್ತನ ಧ್ವನಿ ತೆಗೆದು, ತನ್ನ ಪೆಚ್ಚು ಮುಖವನ್ನೂ ಅಭಿನಯಿಸಿ ತೋರಿಸುತ್ತಿದ್ದರು. ಮನೆಯವರೆಲ್ಲ ಹೊಟ್ಟೆ ಹಿಡಿದು ನಗುತ್ತಿದ್ದೆವು. ಕಚೇರಿಯಲ್ಲಿ ಎದ್ದ ನಗೆಗೂ ನಮ್ಮ ಚಾವಡಿಯ ನಗೆಗೂ ವಿಷಯ ಒಂದೇ, ವ್ಯಕ್ತಿ ಒಬ್ಬರೇ, ತಪ್ಪು ಮಾತೂ ಅದೇ. ಒಂದು ಅವಮಾನವಾಗಿ ಇನ್ನೊಂದು ಯಾಕೆ ಅವಮಾನವಾಗಲಿಲ್ಲ? ಅಥವಾ ಆಗಿತ್ತೋ ಏನೋ, ನಮಗೆ ತಿಳಿಯಲಿಲ್ಲವೋ?

ಮ್ಯಾನುಯೆಲನ ಪಾತ್ರ ವಹಿಸಿದ ನಟನ ಕುರಿತು ನನಗೆ ಆಗ ಏನೂ ಗೊತ್ತಿರಲಿಲ್ಲ. ಸ್ಪೇನಿನವನೇ ಇರಬೇಕೆಂದು ಭಾವಿಸಿದ್ದೆ. 2016ರಲ್ಲಿ ಅವನು ತೀರಿಕೊಂಡಾಗ ಪತ್ರಿಕೆಯಲ್ಲಿ ಬಂದ ಲೇಖನ ಓದಿ ಬೆರಗಾದೆ. ಅನಂತರ ಸಿಕ್ಕಿದ್ದನ್ನೆಲ್ಲ ಓದಿದ್ದೇನೆ.

ಆಂಡ್ರ್ಯೂ ಸ್ಯಾಕ್ಸ್ ಹುಟ್ಟಿದ್ದು 1930ರ ಏಪ್ರಿಲ್ 7ರಂದು ಬರ್ಲಿನ್ನಿನಲ್ಲಿ. ತಂದೆ ತಾಯಿ ಇಟ್ಟ ಹೆಸರು ಆಂಡ್ರಿಯಾಸ್ ಸೀಗ್‌ಫ್ರೀಡ್. ತಂದೆ ಯೆಹೂದಿ, ವಿಮೆಯ ವ್ಯವಹಾರದವರು. ತಾಯಿ ಯೆಹೂದಿಯಲ್ಲ. ಹಿಟ್ಲರನ ಆಡಳಿತದಲ್ಲಿ ಇಂಥ ಕುಟುಂಬಕ್ಕೆ ಉಳಿಗಾಲವಿರಲಿಲ್ಲ. 1938ರಲ್ಲಿ, ಹುಡುಗನಿಗೆ ಎಂಟು ವರ್ಷವಾಗಿದ್ದಾಗ, ಅವರು ದೇಶ ಬಿಟ್ಟು ಉತ್ತರ ಲಂಡನ್ನಿಗೆ ಬಂದು ನೆಲೆಸಿದರು. ಇಂಗ್ಲಿಷ್ ಅವನಿಗೆ ತಾಯಿಯ ಮಡಿಲಿನಲ್ಲಿ ಸಿಕ್ಕಿದ ಭಾಷೆಯಲ್ಲ. ಬಂದ ಮರುವರ್ಷವೇ ಯುದ್ಧ. ಜರ್ಮನಿಯಲ್ಲಿ ಯೆಹೂದಿಯೆಂದು ಬೇಡವಾದ ಹುಡುಗ ಇಂಗ್ಲೆಂಡಿನ ಶಾಲೆಯಲ್ಲಿ ಜರ್ಮನಿಯಿಂದ ಬಂದವನು. ಬಾಯಿ ತೆರೆದರೆ ಎಲ್ಲಿಯವನೆಂದು ತಿಳಿದುಹೋಗುವ ಆ ದಿನಗಳು ಹೇಗಿದ್ದಿರಬಹುದೆಂದು ಊಹಿಸಲು ನಮಗೇನೂ ಕಷ್ಟವಿಲ್ಲ.

ಮುಂದೆ ಅವನು ನಾಟಕ, ರೇಡಿಯೋಗಳಲ್ಲಿ ದುಡಿದು, ಇಂಗ್ಲಿಷರಿಗಿಂತ ಚೆನ್ನಾಗಿ ಇಂಗ್ಲಿಷ್ ನುಡಿಯುವ ನಟನಾದ. ಅವನ ಧ್ವನಿಗೆ ಬಹಳ ಬೇಡಿಕೆಯಿತ್ತು. ಸಾಕ್ಷ್ಯಚಿತ್ರಗಳಿಗೆ ನಿರೂಪಣೆ ಹೇಳಿದ, ರೇಡಿಯೋದಲ್ಲಿ ಫಾದರ್ ಬ್ರೌನ್ ಆದ, ಮುಪ್ಪಿನಲ್ಲಿ ಷೆರ್ಲಾಕ್ ಹೋಮ್ಸನ ಗೆಳೆಯ ಡಾಕ್ಟರ್ ವಾಟ್ಸನ್ ಆದ. ಇಷ್ಟಿದ್ದೂ ಲೋಕ ಅವನನ್ನು ನೆನಪಿಟ್ಟದ್ದು ಇಂಗ್ಲಿಷ್ ಬಾರದ ಮಾಣಿಯಾಗಿ. ಅದೂ ಕೇವಲ ಹನ್ನೆರಡು ಕಂತುಗಳು. 1975ರಲ್ಲಿ ಆರು, 1979ರಲ್ಲಿ ಆರು. ಬರೆದವರು ಜಾನ್ ಕ್ಲೀಸ್ ಮತ್ತು ಕಾನಿ ಬೂತ್. ಬೇಸಿಲನ ಪಾತ್ರ ಕ್ಲೀಸನದೇ.

ಈ ಕತೆಯಲ್ಲಿ ನನ್ನನ್ನು ಹಿಡಿದು ನಿಲ್ಲಿಸಿದ ಒಂದು ಸಂಗತಿಯಿದೆ. ಪಾತ್ರ ಕೈಗೆ ಬಂದಾಗ ಸ್ಯಾಕ್ಸ್, ಮಾಣಿಯನ್ನು ಸ್ಪೇನಿನವನ ಬದಲು ಜರ್ಮನಿಯವನನ್ನಾಗಿ ಮಾಡಬಹುದೇ ಎಂದು ಕೇಳಿದ್ದನಂತೆ. ಸ್ಪ್ಯಾನಿಷ್ ಧಾಟಿ ತನ್ನಿಂದಾದೀತೋ ಎಂಬ ಅಳುಕು ಅವನಿಗೆ. ಅದು ಆಗಲಿಲ್ಲ, ಮಾಣಿ ಸ್ಪೇನಿನವನೇ ಆಗಿ ಉಳಿದ. ನಟನ ದೃಷ್ಟಿಯಿಂದ ಇದು ಕಸುಬಿನ ಮಾತು, ಅಷ್ಟೆ. ಆದರೆ ಧರ್ಮಸೂಕ್ಷ್ಮ ಹುಡುಕುವವನಿಗೆ ಇಲ್ಲಿ ಒಂದು ಗಂಟು ಸಿಗುತ್ತದೆ. ಜರ್ಮನ್ ಧಾಟಿಯಲ್ಲಿ ತೊದಲಿದ್ದರೆ ಅದು ಅವನ ಸ್ವಂತದ ತೊದಲು, ಎಂಟು ವರ್ಷದ ಹುಡುಗನಾಗಿದ್ದಾಗ ತಾನೇ ಅನುಭವಿಸಿದ್ದು. ಅಪ್ಪನ ಪಟ್ಟಿಯ ಕತೆಯ ಹಾಗೆ. ಸ್ಪೇನಿನವನಾದಾಗ ಮಾತ್ರ ಅವನು ಇನ್ನೊಬ್ಬರ ತೊದಲನ್ನು ಎರವಲು ಪಡೆದ ಹಾಗಾಯಿತು. ತನ್ನ ನೋವನ್ನು ಬಲ್ಲವನಿಗೆ ಬೇರೆಯವನನ್ನು ನಗೆಪಾಟಲು ಮಾಡಲು ಪರವಾನಗಿ ಇದೆಯೆ?

ಇದೆ ಎಂದು ಸುಲಭವಾಗಿ ಹೇಳುವವರಿದ್ದಾರೆ. ಅವರ ವಾದ ಹೀಗೆ: ಈ ಧಾರಾವಾಹಿಯಲ್ಲಿ ನಿಜವಾಗಿ ನಗೆಗೀಡಾಗುವವನು ಮಾಣಿಯಲ್ಲ, ಧಣಿ. ಇದರಲ್ಲಿ ಹುರುಳಿದೆ. ಬೇಸಿಲನಿಗೆ ಸ್ಪ್ಯಾನಿಷ್ ಬರುತ್ತದೆಂಬ ಜಂಬ. ತಾನು ಕಲಿತದ್ದು ಶಾಸ್ತ್ರೀಯ ಸ್ಪ್ಯಾನಿಷ್, ಈ ಮಾಣಿ ಆಡುವುದು ಎಲ್ಲಿಂದಲೋ ಹೆಕ್ಕಿಕೊಂಡ ಅಡ್ಡ ನುಡಿ ಎಂದು ಅವನು ಗಿರಾಕಿಗಳ ಮುಂದೆ ಹೇಳಿಕೊಳ್ಳುತ್ತಾನೆ. ಸ್ಪೇನಿನವನಿಗೇ ಸ್ಪ್ಯಾನಿಷ್ ಬಾರದೆಂದು ಇಂಗ್ಲಿಷ್ ಧಣಿಯ ತೀರ್ಪು! (ಗಡಿಯ ಆಚೆ ಹೋದಾಗ ನಮ್ಮ ಕನ್ನಡಕ್ಕೆ ಸಿಗುವ ಸರ್ಟಿಫಿಕೇಟುಗಳನ್ನು ಓದುಗರು ನೆನಪಿಸಿಕೊಳ್ಳಬಹುದು. ಆ ಮಾತು ಇಲ್ಲಿ ಬೇಡ.)

1979ರ ಒಂದು ಕಂತಂತೂ ಈ ವಾದಕ್ಕೆ ದೊಡ್ಡ ಆಸರೆ. ಬೇಸಿಲ್ ಹೆಂಡತಿಗೆ ತಿಳಿಯದಂತೆ ಕುದುರೆ ಜೂಜಿನಲ್ಲಿ ಹಣ ಗೆಲ್ಲುತ್ತಾನೆ. ಗುಟ್ಟು ಮ್ಯಾನುಯೆಲನಿಗೆ ಗೊತ್ತು. ಯಾರು ಕೇಳಿದರೂ ನಿನಗೇನೂ ಗೊತ್ತಿಲ್ಲ ಎಂದು ಧಣಿ ಅವನಿಗೆ ಪಾಠ ಒಪ್ಪಿಸುತ್ತಾನೆ. ಅದೇ ಸಮಯಕ್ಕೆ ಹೋಟೆಲಿನಲ್ಲಿ ಒಬ್ಬ ಮುದುಕಿ ತನ್ನ ಹಣ ಕಳವಾಯಿತೆಂದು ಬೊಬ್ಬೆ ಹಾಕುತ್ತಾಳೆ. ಬೇಸಿಲನ ಕೈಯಲ್ಲಿರುವ ಹಣ ಎಲ್ಲಿಂದ ಬಂತೆಂದು ಸಾಬೀತು ಮಾಡಬೇಕಾಗುತ್ತದೆ. ಸಾಕ್ಷಿ ಹೇಳಬೇಕಾದವನು ಮ್ಯಾನುಯೆಲ್. ಈಗ ಹೇಳು, ಹೇಳಿಬಿಡು ಎಂದು ಧಣಿ ಕಣ್ಣುಸನ್ನೆ ಮಾಡಿ ಅಂಗಲಾಚಿದರೆ, ಮ್ಯಾನುಯೆಲ್ ಎದೆಯುಬ್ಬಿಸಿ ನಿಂತು, ತನಗೇನೂ ಗೊತ್ತಿಲ್ಲವೆನ್ನುತ್ತಾನೆ. ಧಣಿಯ ಮೊದಲ ಅಪ್ಪಣೆಯನ್ನು ಅವನು ಅಷ್ಟು ನಿಷ್ಠೆಯಿಂದ ಕಾದುಕೊಂಡಿದ್ದಾನೆ. ಆ ಮುಖದ ಹೆಮ್ಮೆಯನ್ನು ನೋಡಬೇಕು! ಇಲ್ಲಿ ಅನಾಹುತವಾಗುವುದು ಮಾಣಿಯ ದಡ್ಡತನದಿಂದಲ್ಲ, ಧಣಿಯ ಸುಳ್ಳಿನಿಂದ ಮತ್ತು ಮಾಣಿಯ ಪ್ರಾಮಾಣಿಕತೆಯಿಂದ. ಸ್ಯಾಕ್ಸ್ 2014ರಲ್ಲಿ ಪ್ರಕಟಿಸಿದ ಆತ್ಮಕಥೆಗೂ ಇದೇ ಮಾತನ್ನು, ನನಗೇನೂ ಗೊತ್ತಿಲ್ಲ ಎಂಬುದನ್ನು, ಹೆಸರಾಗಿ ಇಟ್ಟ.

ಅದೇ ಕಂತಿನ ಮುದುಕಿಗೆ ಕಿವಿ ಮಂದ. ಯಂತ್ರ ಇದೆ, ಆದರೆ ಹಾಕಿಕೊಳ್ಳುವುದಿಲ್ಲ, ಬ್ಯಾಟರಿ ಮುಗಿದುಹೋಗುತ್ತದಂತೆ! ಕೇಳಲು ಸಾಧನವಿದ್ದೂ ಕೇಳಲೊಲ್ಲದವಳು ಗಿರಾಕಿ. ಪ್ರತಿಯೊಂದು ಶಬ್ದಕ್ಕೂ ಕಿವಿಗೊಟ್ಟು, ಹಣೆ ನೆರಿಗೆಗಟ್ಟಿಸಿ, ಅರ್ಥಮಾಡಿಕೊಳ್ಳಲು ಹೆಣಗುವವನು ಮಾಣಿ. ನಾನು ಆ ಧಾರಾವಾಹಿಯನ್ನು ಮತ್ತೆ ಮತ್ತೆ ನೋಡಿ ಕಂಡುಕೊಂಡದ್ದು ಇದನ್ನು: ಮ್ಯಾನುಯೆಲ್ ಒಮ್ಮೆಯೂ ಪ್ರಯತ್ನ ಬಿಡುವುದಿಲ್ಲ. ಅವನ ಮೈಯೆಲ್ಲ ಕಿವಿ. ತಪ್ಪು ತಿಳಿದುಕೊಂಡರೂ ಪೂರ್ತಿ ಮನಸ್ಸಿನಿಂದ ತಪ್ಪು ತಿಳಿಯುತ್ತಾನೆ. ಇದನ್ನು ಸ್ಪೇನಿನವರನ್ನು ದೂರದಿಂದ ಕಂಡು ಅಣಕಿಸುವವನು ಮಾಡಲಾರ. ಹೊಸ ಭಾಷೆಯೊಂದರ ಹೊಸ್ತಿಲಲ್ಲಿ ನಿಂತು, ಎದುರಿಗಿದ್ದವರ ತುಟಿಯನ್ನೇ ದಿಟ್ಟಿಸಿದ ಹುಡುಗ ಮಾತ್ರ ಮಾಡಬಲ್ಲ. ಸ್ಯಾಕ್ಸ್ ಸ್ಪೇನಿನವರಿಂದ ಎರವಲು ತಂದದ್ದು ಧಾಟಿಯನ್ನು ಮಾತ್ರ. ಒಳಗಿನದು ಅವನದೇ.

ಇಷ್ಟು ಹೇಳಿ ನಾನು ಅವನನ್ನು ಖುಲಾಸೆ ಮಾಡಿಬಿಡಬಹುದಿತ್ತು. ಆದರೆ ವಾದದ ಮತ್ತೊಂದು ಮಗ್ಗುಲೂ ಇದೆ.

ನಾಟಕ ಬರೆದವನ, ಆಡಿದವನ ಮನಸ್ಸಿನಲ್ಲಿ ಏನಿತ್ತೆಂಬುದು ನೋಡುವವನಿಗೆ ತಲುಪಲೇಬೇಕೆಂಬ ನಿಯಮವಿಲ್ಲ. ನಾವು ಹತ್ತು ಹನ್ನೆರಡು ಮಂದಿ ಆ ರಾತ್ರಿ ನಕ್ಕದ್ದು ಬೇಸಿಲನ ಜಂಬವನ್ನು ಕಂಡಲ್ಲ, ಮ್ಯಾನುಯೆಲನ ತಲೆಗೆ ಬೀಳುವ ಪೆಟ್ಟನ್ನು ಕಂಡು. ಸ್ವತಃ ಸ್ಪೇನಿನವರಿಗೂ ಸಂಶಯವಿದ್ದಿರಬೇಕು. ಅಲ್ಲಿನ ಟೆಲಿವಿಷನ್ನಿಗೆ ಸ್ಪ್ಯಾನಿಷಿನಲ್ಲಿ ಧ್ವನಿ ಕೂಡಿಸುವಾಗ ಮ್ಯಾನುಯೆಲನನ್ನು ಪಾವ್ಲೊ ಎಂಬ ಇಟಲಿಯವನನ್ನಾಗಿ ಮಾಡಿದರು. ಬಾರ್ಸಿಲೋನ ಇರುವ ಕೆಟಲೋನಿಯಾದ ಭಾಷೆಯಲ್ಲಿ ಅವನು ಮೆಕ್ಸಿಕೋದವನಾದ. ನೋಡಿ, ಎಲ್ಲರಿಗೂ ನಗೆ ಬೇಕು, ಆದರೆ ನಗೆಗೀಡಾಗುವವನು ಪಕ್ಕದೂರಿನವನಾಗಿರಬೇಕು. ನಮ್ಮ ಬಯಲಾಟದ ಹಾಸ್ಯಗಾರನೂ ಬೇರೆ ಬೇರೆ ಜನರ ಧಾಟಿ ತೆಗೆದು ಸಭೆಯನ್ನು ನಗಿಸುತ್ತಾನೆ. ನಮ್ಮವರ ಧಾಟಿ ತೆಗೆದಾಗ ಮಾತ್ರ ನಮಗೆ ಕೋಪ.

ಭರತನ ನಾಟ್ಯಶಾಸ್ತ್ರ ಹಾಸ್ಯಕ್ಕೆ ಕಾರಣಗಳನ್ನು ಹೇಳುವಾಗ ವಿಕೃತವಾದ ವೇಷ, ನಡತೆಗಳೊಂದಿಗೆ ವಿಕೃತವಾದ ನುಡಿಯನ್ನೂ ಸೇರಿಸುತ್ತದೆ. ಹಾಸ್ಯದಲ್ಲಿ ಆತ್ಮಸ್ಥ, ಪರಸ್ಥ ಎಂದು ಎರಡು ಬಗೆ: ತಾನು ನಗುವುದು, ಪರರನ್ನು ನಗಿಸುವುದು. ಪರರು ಯಾರನ್ನು ಕಂಡು ನಗಬೇಕು ಎಂಬುದಕ್ಕೆ ಅಲ್ಲಿ ವಿಧಿಯಿದ್ದಂತೆ ನನಗೆ ಕಂಡಿಲ್ಲ. ಇಂಗ್ಲೆಂಡಿನ ತತ್ತ್ವಜ್ಞಾನಿ ಹಾಬ್ಸ್ ಇನ್ನೂ ಕಠಿಣ. ನಾನು ಅವನಿಗಿಂತ ಮೇಲು ಎಂಬ ಅರಿವು ಥಟ್ಟನೆ ಉಕ್ಕಿದಾಗ ಬರುವುದೇ ನಗೆ ಎಂಬುದು ಅವನ ಅಭಿಪ್ರಾಯ. ಫ್ರಾನ್ಸಿನ ಬರ್ಗ್‌ಸನ್ 1900ರಲ್ಲಿ ನಗೆಯ ಮೇಲೊಂದು ಪುಸ್ತಕವನ್ನೇ ಬರೆದು, ಹೃದಯಕ್ಕೆ ಕ್ಷಣಕಾಲ ಅರಿವಳಿಕೆ ಕೊಡದೆ ನಗಲಾಗದೆಂದು ವಾದಿಸಿದ. ಇವರಿಬ್ಬರೂ ಕಚೇರಿಯ ನಗೆಯನ್ನು ಚೆನ್ನಾಗಿ ವಿವರಿಸುತ್ತಾರೆ. ಅಪ್ಪನ ಚಾವಡಿಯ ನಗೆ ಅವರ ಲೆಕ್ಕಕ್ಕೆ ಸಿಗುವುದಿಲ್ಲ. ಅಲ್ಲಿ ಯಾರು ಯಾರಿಗಿಂತ ಮೇಲು? ಅಪ್ಪ ಆ ಕತೆ ಹೇಳುವಾಗ ನಮ್ಮ ಹೃದಯಕ್ಕೆ ಅರಿವಳಿಕೆ ಆಗಿರಲಿಲ್ಲ ಎಂದು ನಾನು ಪ್ರಮಾಣ ಮಾಡಬಲ್ಲೆ.

ವ್ಯತ್ಯಾಸ ಇರುವುದು ಪೆಟ್ಟು ಯಾರು ತಿನ್ನುತ್ತಾರೆ ಎಂಬುದರಲ್ಲಿ ಎಂದು ಒಮ್ಮೊಮ್ಮೆ ಅನ್ನಿಸುತ್ತದೆ. ಸ್ಯಾಕ್ಸ್ ವಿಷಯದಲ್ಲಿ ಇದು ಬರಿಯ ಅಲಂಕಾರದ ಮಾತಲ್ಲ. ಒಂದು ಕಂತಿನಲ್ಲಿ ಕ್ಲೀಸ್ ಅವನ ತಲೆಗೆ ಹೊಡೆಯಬೇಕಾಗಿದ್ದ ಹುಳಿಬಾಣಲೆ ತಪ್ಪಿ ನಿಜವಾದ ಲೋಹದ್ದಾಗಿತ್ತು. ಎರಡು ದಿನ ತಲೆನೋವು. ಅಡಿಗೆಮನೆಗೆ ಬೆಂಕಿ ಬೀಳುವ ಇನ್ನೊಂದು ಕಂತಿನಲ್ಲಿ, ಬಟ್ಟೆಯಿಂದ ಹೊಗೆ ಏಳಲೆಂದು ಹಚ್ಚಿದ ರಾಸಾಯನಿಕದಿಂದ ಮೈ ಸುಟ್ಟುಹೋಯಿತು. ಬಿ.ಬಿ.ಸಿ. 700 ಪೌಂಡು ಪರಿಹಾರ ಕೊಟ್ಟಿತು.

ಮೈ ಸುಟ್ಟ ಆ ಕಂತು 1975ರ ಅಕ್ಟೋಬರ್ 24ರಂದು ಪ್ರಸಾರವಾದದ್ದು. ಹೆಸರು 'ದಿ ಜರ್ಮನ್ಸ್'. ಹೋಟೆಲಿಗೆ ಜರ್ಮನ್ ಅತಿಥಿಗಳು ಬರುತ್ತಾರೆ. ಅವರ ಮುಂದೆ ಯುದ್ಧದ ಮಾತೆತ್ತಬಾರದೆಂದು ಎಲ್ಲರಿಗೂ ತಾಕೀತು ಮಾಡುವ ಬೇಸಿಲನೇ, ತಲೆಗೆ ಪೆಟ್ಟುಬಿದ್ದು, ಬಾಯಿ ಬಿಟ್ಟರೆ ಯುದ್ಧದ್ದೇ ಮಾತಾಡುತ್ತಾನೆ. ಮೂಗಿನ ಕೆಳಗೆ ಬೆರಳಿಟ್ಟು ಹಿಟ್ಲರನಂತೆ ಕಾಲೆತ್ತಿ ನಡೆಯುತ್ತಾನೆ. ಜರ್ಮನ್ ಹೆಂಗಸು ಅಳುತ್ತಾಳೆ. ಇಂಗ್ಲೆಂಡ್ ಇಂದಿಗೂ ಇದನ್ನು ನೆನೆದು ನಗುತ್ತದೆ. ಆ ಹೋಟೆಲಿನಲ್ಲಿ ನಿಜವಾಗಿ ಹಿಟ್ಲರನ ಬರ್ಲಿನ್ನಿನಿಂದ ಜೀವ ಉಳಿಸಿಕೊಂಡು ಬಂದವನು ಮಾತ್ರ ಅಂಟಿಸಿದ ಮೀಸೆ ಹೊತ್ತು, ಸ್ಪೇನಿನ ಮಾಣಿಯಾಗಿ, ತಟ್ಟೆ ಹಿಡಿದು ಓಡಾಡುತ್ತಿದ್ದ. ಅವನ ಹುಟ್ಟುಭಾಷೆಯವರನ್ನು ಅಲ್ಲಿ ಗೇಲಿ ಮಾಡಲಾಗುತ್ತಿತ್ತು. ಅವನನ್ನು ಓಡಿಸಿದವರೂ ಅದೇ ಭಾಷೆಯವರು. ಅವನು ಆಗ ಏನೆಂದುಕೊಂಡಿರಬಹುದು? ನಾನು ಊಹೆಗೆ ಹೋಗುವುದಿಲ್ಲ. ಅವನು ತನ್ನ ಕೆಲಸ ಮಾಡಿದ. 2020ರ ಜೂನಿನಲ್ಲಿ ಇದೇ ಕಂತನ್ನು, ಅದರಲ್ಲಿ ಮುದಿ ಮೇಜರ್ ಆಡುವ ಜನಾಂಗ ನಿಂದನೆಯ ಶಬ್ದಗಳಿಗಾಗಿ, ಬಿ.ಬಿ.ಸಿ.ಗೆ ಸೇರಿದ ಒಂದು ಪ್ರಸಾರ ಸಂಸ್ಥೆ ತೆಗೆದುಹಾಕಿ, ಬಳಿಕ ಎಚ್ಚರಿಕೆಯ ಸಾಲೊಂದನ್ನು ಸೇರಿಸಿ ಮರಳಿ ಇಟ್ಟಿತು. ನಾವು ಗೇಲಿ ಮಾಡಿದ್ದು ಮೇಜರನನ್ನು, ಅವನ ಮಾತನ್ನು ಒಪ್ಪಿ ಅಲ್ಲ ಎಂಬುದು ಕ್ಲೀಸನ ಸಮರ್ಥನೆ. ಮತ್ತೆ ಅದೇ ಉತ್ತರ. ಅದು ಸುಳ್ಳಲ್ಲ, ಸಾಲದು ಅಷ್ಟೆ.

ಸ್ಯಾಕ್ಸ್ ಮ್ಯಾನುಯೆಲನ ಧ್ವನಿಯಲ್ಲಿ ಹಾಡಿನ ಮುದ್ರಿಕೆಗಳನ್ನೂ ಹೊರತಂದಿದ್ದ. ಅದು ನನಗೆ ರುಚಿಸಿದ ಕೆಲಸವಲ್ಲ. ಅಲ್ಲಿ ಬೇಸಿಲ್ ಇಲ್ಲ, ಜಂಬದ ಧಣಿ ಇಲ್ಲ, ಬರಿಯ ಧಾಟಿಯನ್ನು ಮಾರುವ ವ್ಯಾಪಾರ. ಹೊಟ್ಟೆಪಾಡು ಎಂದರೆ ಎದುರು ಹೇಳಲಾರೆ.

ಆದರೆ ಅವನ ಇನ್ನೊಂದು ಕೆಲಸವನ್ನು ನೆನೆದಾಗ ನನ್ನ ಮನಸ್ಸು ಕರಗುತ್ತದೆ. ಮ್ಯಾನುಯೆಲನ ಮೊದಲ ಆರು ಕಂತುಗಳಿಗೂ ಕೊನೆಯ ಆರು ಕಂತುಗಳಿಗೂ ನಡುವೆ, 1978ರಲ್ಲಿ, ಅವನು ಬಿ.ಬಿ.ಸಿ. ರೇಡಿಯೋಗೆ 'ದಿ ರಿವೆಂಜ್' ಎಂಬ ನಾಟಕ ರಚಿಸಿ ತಾನೇ ಅಭಿನಯಿಸಿದ. ಅರ್ಧ ಗಂಟೆಯ ನಾಟಕ. ಅದರಲ್ಲಿ ಒಂದು ಮಾತೂ ಇಲ್ಲ! ರೇಡಿಯೋ ನಾಟಕಕ್ಕೆ ಮಾತೇ ಉಸಿರು ಎಂದು ನಾವು ಆಕಾಶವಾಣಿ ಕೇಳಿ ಬೆಳೆದವರು ನಂಬಿದ್ದೇವೆ. ಇವನು ಹೆಜ್ಜೆಯ ಸದ್ದು, ಏದುಸಿರು, ನೀರಿನ ಸದ್ದು ಇಷ್ಟರಿಂದಲೇ ಬೆನ್ನಟ್ಟಿಸಿಕೊಂಡು ಓಡುವ ಒಬ್ಬ ಮನುಷ್ಯನ ಕತೆ ಹೇಳಿದ. ಯಾವ ಭಾಷೆಯವನು ಕೇಳಿದರೂ ತಿಳಿಯುತ್ತದೆ. ಯಾರ ಧಾಟಿಯೂ ಇಲ್ಲ, ಆದ್ದರಿಂದ ಓಡುವವನು ಎಲ್ಲಿಯವನೆಂದು ಕಂಡುಹಿಡಿಯುವಂತಿಲ್ಲ.

2008ರ ಅಕ್ಟೋಬರಿನಲ್ಲಿ ನಡೆದದ್ದನ್ನೂ ಹೇಳಬೇಕು. ರೇಡಿಯೋದ ಇಬ್ಬರು ಜನಪ್ರಿಯ ನಿರೂಪಕರು, ಎಪ್ಪತ್ತೆಂಟರ ಸ್ಯಾಕ್ಸ್ ಮನೆಯ ದೂರವಾಣಿಯ ಧ್ವನಿಯಂತ್ರದಲ್ಲಿ ಅವನ ಮೊಮ್ಮಗಳ ಕುರಿತು ಕೊಳಕು ಮಾತುಗಳನ್ನು ಆಡಿಟ್ಟು, ಅದನ್ನು ಹಾಸ್ಯವೆಂದು ಪ್ರಸಾರ ಮಾಡಿದರು. 40 ಸಾವಿರಕ್ಕೂ ಹೆಚ್ಚು ದೂರುಗಳು ಬಂದವು. ಒಬ್ಬ ನಿರೂಪಕ ಕೆಲಸ ಬಿಟ್ಟ, ಇನ್ನೊಬ್ಬನನ್ನು ಹನ್ನೆರಡು ವಾರ ಅಮಾನತಿನಲ್ಲಿಟ್ಟರು. ಮರುವರ್ಷ ಬಿ.ಬಿ.ಸಿ.ಗೆ ಒಂದೂವರೆ ಲಕ್ಷ ಪೌಂಡು ದಂಡ ಬಿತ್ತು. ಸ್ಯಾಕ್ಸ್ ಕ್ಷಮೆಯಾಚನೆಯನ್ನು ಒಪ್ಪಿಕೊಂಡು ಸುಮ್ಮನಾದ. ಇಡೀ ದೇಶ ಅವನ ಬೆನ್ನಿಗೆ ನಿಂತಿತು, ಒಳ್ಳೆಯದೇ. ಆದರೆ ನನಗೆ ಕಾಣುವುದು ಇದು: ಮೀಸೆ ಅಂಟಿಸಿಕೊಂಡು ಅವನು ತಾನಾಗಿ ತಲೆಯೊಡ್ಡಿದಾಗ ಬಿದ್ದ ಪೆಟ್ಟು ಬೇರೆ, ಮೀಸೆ ತೆಗೆದು ಮನೆಯಲ್ಲಿ ಕುಳಿತಾಗ ಕೇಳದೆ ಬಂದು ಬಿದ್ದ ಪೆಟ್ಟು ಬೇರೆ. ಅಪ್ಪನಿಗೂ ಹಾಗೆಯೇ. ಚಾವಡಿಯಲ್ಲಿ ಅವರು ತಾವಾಗಿ ತಲೆಯೊಡ್ಡುತ್ತಿದ್ದರು. ಕಚೇರಿಯಲ್ಲಿ ಅವರನ್ನು ಯಾರೂ ಕೇಳಿರಲಿಲ್ಲ.

ಹಾಗಾದರೆ ಯಾರ ತೊದಲೋ ಅವರಿಗೇ ನಗಿಸುವ ಹಕ್ಕು, ಉಳಿದವರಿಗಿಲ್ಲ ಎಂದು ತೀರ್ಮಾನಿಸೋಣವೇ? ಅಷ್ಟು ಬಿಗಿ ಮಾಡಿದರೆ ಸ್ಯಾಕ್ಸ್ ಮ್ಯಾನುಯೆಲ್ ಆಗುವಂತಿರಲಿಲ್ಲ, ಲೋಕದಲ್ಲಿ ನಾಟಕವೇ ನಡೆಯುವಂತಿಲ್ಲ. ಮತ್ತೆ, ತಾವಾಗಿ ತಲೆಯೊಡ್ಡಿದವರು ನಿಜವಾಗಿ ತಾವಾಗಿಯೇ ಒಡ್ಡಿದರೋ, ಬೇರೆ ದಾರಿ ಕಾಣದೆಯೋ ಎಂದು ಹೇಳುವವರು ಯಾರು? ಅಪ್ಪ ಆ ಕತೆಯನ್ನು ಹೇಳುತ್ತಿದ್ದದ್ದು ನೋವು ಕಳೆದ ಮೇಲೆ ಎಂದು ನಾನು ಬಹುಕಾಲ ನಂಬಿದ್ದೆ. ನಾವು ನಗದಿದ್ದರೆ ಅದು ಕಳೆಯುತ್ತಿರಲಿಲ್ಲವೋ ಏನೋ ಎಂದು ಈಗ ಅನ್ನಿಸುತ್ತದೆ. ಅವರು ಇದ್ದಾಗ ಕೇಳಲಿಲ್ಲ.

ಕಳೆದ ವರ್ಷ ಅಡಿಕೆ ಕೊಯ್ಲಿನ ಸಮಯ. ಬಂಗಾಳದಿಂದ ಬಂದ ಹುಡುಗನೊಬ್ಬ ಎರಡು ವರ್ಷಗಳಿಂದ ನಮ್ಮ ತೋಟದಲ್ಲಿದ್ದಾನೆ. ಹಿಂದಿ, ಮಲಯಾಳ, ಕನ್ನಡ ಬೆರೆಸಿ ಅವನೊಂದು ಭಾಷೆ ಮಾಡಿಕೊಂಡಿದ್ದಾನೆ. ಅದರಲ್ಲಿ ನಿನ್ನೆ ನಾಳೆಗಳು ಅದಲುಬದಲು. ಒಂದು ಸಂಜೆ ನನ್ನ ಮೊಮ್ಮಗ ಜಗಲಿಯಲ್ಲಿ ನಿಂತು, "ಅಜ್ಜಾ, ನಾಳೆ ಅಡಿಕೆ ಬಿದ್ದುಹೋಯ್ತು" ಎಂದು ಥೇಟು ಅವನ ಹಾಗೆಯೇ ಆಡಿ ತೋರಿಸಿದ. ಮನೆಯವರೆಲ್ಲ ನಕ್ಕರು. ನಾನೂ ನಕ್ಕೆ. ನೋಡಿದರೆ ಚಾ ಕುಡಿದ ಖಾಲಿ ಗ್ಲಾಸು ಹಿಡಿದು ಆ ಹುಡುಗ ಅಂಗಳದಲ್ಲಿ ನಿಂತಿದ್ದ.

ಮೊಮ್ಮಗ ನಾಲಗೆ ಕಚ್ಚಿಕೊಂಡ. ಹುಡುಗ ಮಾತ್ರ ನಗುತ್ತಲೇ ಹತ್ತಿರ ಬಂದು, "ಹಾಗೆ ಅಲ್ಲ" ಎಂದು, ತನ್ನ ಮಾತನ್ನು ತಾನೇ ಇನ್ನಷ್ಟು ಕೆಡಿಸಿ, ಕೈಬಾಯಿ ತಿರುಗಿಸಿ ಆಡಿ ತೋರಿಸಿದ. ಎಲ್ಲರೂ ಮತ್ತೆ ನಕ್ಕರು, ಮೊದಲಿಗಿಂತ ಜೋರಾಗಿ. ನಾನು ಅವನ ಕೈಯಿಂದ ಗ್ಲಾಸು ತೆಗೆದುಕೊಂಡೆ. ಇನ್ನೊಂದು ಚಾ ಬೇಕೆ ಎಂದು ಅವನ ಭಾಷೆಯಲ್ಲಿ ಕೇಳೋಣವೆನ್ನಿಸಿತು. ಎರಡು ವರ್ಷವಾದರೂ ಅದಕ್ಕೆ ಬೇಕಾದ ಒಂದು ಶಬ್ದವೂ ನನಗೆ ಗೊತ್ತಿರಲಿಲ್ಲ.